ನಿರಾಕರಿಸಿದರು ಎಂಬ ಷರಾ

ಮಾನ್ಯ ಓದುಗರ ಅವಗಾಹನೆಗೆ ತರಬಯಸುವುದೇನೆಂದರೆ, ಟಿಪ್ಪಣಿ, ನೋಟೀಸು ಮತ್ತು ಜ್ಞಾಪನಗಳ ಹೊರತು ನಾನು ಈ ಮೊದಲು ಏನನ್ನೂ ಬರೆದವನಲ್ಲ. ಆದಕಾರಣ ಬರವಣಿಗೆಯಲ್ಲಿ ಕಚೇರಿಯ ವಾಸನೆ ಕಂಡುಬಂದಲ್ಲಿ ಮನ್ನಿಸಬೇಕಾಗಿ ಕೋರುತ್ತೇನೆ. ಇಲ್ಲಿ ನಿವೇದಿಸಿಕೊಳ್ಳುವ ಸಂಗತಿ ಅರವತ್ತರ ದಶಕದ ನಡುವಿನ ಒಂದು ವರ್ಷದ್ದು. ದೀಪಾವಳಿ ಕಳೆದ ಮೇಲೆ ಮೊದಲಾಗಿ ಮಾರ್ಚಿ ಕೊನೆಗೆ ಮುಗಿಯಿತು. ಸಂಬಂಧಪಟ್ಟವರ ಹೆಸರುಗಳನ್ನು ಉದ್ದೇಶಪೂರ್ವಕವಾಗಿ ಬಿಟ್ಟಿದ್ದೇನೆ. ನಾನು ಮಾಡಿದ್ದನ್ನು ಬಿಟ್ಟಿಲ್ಲ.

ಆಗ ನಾನು ಜಯನಗರದ ಕಡೆಯ ಒಂದು ಪೌರ ಕಚೇರಿಯ ಲೈಸೆನ್ಸು ಶಾಖೆಯಲ್ಲಿ ಗುಮಾಸ್ತನಾಗಿದ್ದೆ. ಪ್ರೊಬೇಷನ್ ಮುಗಿಯಲು ಐದು ತಿಂಗಳು ಬಾಕಿ ಇತ್ತು. ಒಂದು ಬೆಳಿಗ್ಗೆ ಹನ್ನೊಂದು ಜನರ ಸಹಿಯುಳ್ಳ ದೂರರ್ಜಿ ನನ್ನ ಮೇಜಿಗೆ ಬಂತು. ಮೊದಲ ಸಹಿ ನ್ಯಾಯಾಲಯದ ನೌಕರಿಯಿಂದ ನಿವೃತ್ತರಾಗಿದ್ದ ಒಬ್ಬ ಹಿರಿಯರದು. ಕೈಯಲ್ಲಿದ್ದ ಹಣವನ್ನೆಲ್ಲ ಹಾಕಿ ಹೊಸ ಬಡಾವಣೆಯಲ್ಲಿ ಮನೆ ಕಟ್ಟಿಸಿದ್ದರು. ಅವರ ಹಿತ್ತಿಲ ಗೋಡೆಯಿಂದ ಹತ್ತು ಮಾರು ದೂರದಲ್ಲಿ ಒಂದು ಹಿಟ್ಟಿನ ಗಿರಣಿ ನಡೆಯುತ್ತಿತ್ತು. ಬೆಳಿಗ್ಗೆ ಏಳರಿಂದ ಮೋಟಾರಿನ ಸದ್ದು, ಒಣಹಾಕಿದ ಬಟ್ಟೆಯ ಮೇಲೆ ಹಿಟ್ಟಿನ ಧೂಳು. ಅವರ ಪತ್ನಿಗೆ ಉಬ್ಬಸ. ಅರ್ಜಿಯಲ್ಲಿ ಉತ್ಪ್ರೇಕ್ಷೆ ಇರಲಿಲ್ಲವೆಂಬುದನ್ನು ಮುಂದೆ ನಾನೇ ಕಂಡೆ.

ಗಿರಣಿಯ ಕಡೆಯ ಸಂಗತಿಯನ್ನೂ ಇಲ್ಲಿಯೇ ಹೇಳುವುದು ಯುಕ್ತ. ಬಡಾವಣೆ ಬರುವ ಮುಂಚೆ ಅಲ್ಲಿ ಹಳ್ಳಿ ಇತ್ತು. ಹೊಲಗಳು ಅಳತೆಗೊಂಡು ಸೈಟುಗಳಾದವು. ಹಳ್ಳಿಯ ನಾಲ್ಕು ಸಾಲು ಮನೆಗಳು ಮಾತ್ರ ನಡುವೆ ಉಳಿದುಕೊಂಡವು. ಹೊಲ ಹೋದ ಒಬ್ಬ ರೈತರು, ಬಂದ ಪರಿಹಾರದಲ್ಲಿ ಮೋಟಾರು ಮತ್ತು ಬೀಸುವ ಕಲ್ಲು ಕೊಂಡು ಗಿರಣಿ ಹಾಕಿದರು. ಅದು ಬಡಾವಣೆಯಲ್ಲಿ ಮನೆಗಳು ಏಳುವ ಮೊದಲಿನ ಗಿರಣಿಯಾದ್ದರಿಂದ ಲೈಸೆನ್ಸು ವರ್ಷವರ್ಷವೂ ನವೀಕರಣಗೊಳ್ಳುತ್ತ ಬಂದಿತ್ತು. ಪುಟ್ಟೇನಹಳ್ಳಿಯ ಕಡೆಯಿಂದಲೂ ಹೆಂಗಸರು ರಾಗಿ ಹೊತ್ತು ಬರುತ್ತಿದ್ದರು. ಈಗ ಗಿರಣಿ ನೋಡಿಕೊಳ್ಳುತ್ತಿದ್ದವರು ಆ ರೈತರ ಮಗ, ನಲವತ್ತರ ಆಸುಪಾಸಿನವರು. ಅವರಿಗೆ ಬೇರೆ ಜೀವನೋಪಾಯವಿರಲಿಲ್ಲ.

ಇನ್ಸ್‌ಪೆಕ್ಟರು ದೂರಿನ ಅಂಚಿನಲ್ಲಿ ಕೆಂಪು ಪೆನ್ಸಿಲಿನಿಂದ 'ನೋಟೀಸು' ಎಂದು ಗೀಚಿದರು. ನಾನು ಲೈಸೆನ್ಸು ವಹಿ ತೆಗೆದು, ಅದರಲ್ಲಿದ್ದ ಹೆಸರನ್ನು ನೋಡಿ, ನಡುವೆ ಕಾರ್ಬನ್ ಇಟ್ಟು ಮೂರು ಪ್ರತಿ ನೋಟೀಸು ಬರೆದೆ: ತಮ್ಮ ಲೈಸೆನ್ಸನ್ನು ಏಕೆ ರದ್ದುಪಡಿಸಬಾರದೆಂಬುದಕ್ಕೆ ಏಳು ದಿನಗಳೊಳಗೆ ಸಮಜಾಯಿಷಿ ನೀಡತಕ್ಕದ್ದು.

ನೋಟೀಸಿನ ಜಾರಿಗೆ ಒಂದು ಕ್ರಮವಿತ್ತು. ಜವಾನ ಖುದ್ದಾಗಿ ಕೊಟ್ಟು ಸಹಿ ಪಡೆಯಬೇಕು. ಆಸಾಮಿ ಇಲ್ಲದಿದ್ದರೆ ಇನ್ನೊಂದು ದಿನ ಮತ್ತೆ ಹೋಗಬೇಕು. ಆಗಲೂ ಸಿಗದಿದ್ದರೆ ಮಾತ್ರ ಬಾಗಿಲಿಗೆ ಅಂಟಿಸಬಹುದು. ಆದರೆ ಆಸಾಮಿ ಎದುರಿಗಿದ್ದೂ ತೆಗೆದುಕೊಳ್ಳಲು ನಿರಾಕರಿಸಿದರೆ ಆ ಕ್ಷಣವೇ ಅಂಟಿಸಿ ಬರಬಹುದು. ಬಿಸಿಲಿನಲ್ಲಿ ಸೈಕಲ್ ತುಳಿಯುವ ಜವಾನನಿಗೆ ಎರಡನೆಯದೇ ಹಗುರ. ಹೀಗಾಗಿ ನಮ್ಮ ಕಚೇರಿಯ ಕಡತಗಳಲ್ಲಿ ಆ ಭಾಗದ ವ್ಯಾಪಾರಿಗಳೆಲ್ಲರೂ ನೋಟೀಸು ನಿರಾಕರಿಸುವ ಸ್ವಭಾವದವರಾಗಿ ಕಂಡುಬರುತ್ತಿದ್ದರು. ಜವಾನನಿಗೆ ರುಜು ಹಾಕಲು ಮಾತ್ರ ಬರುತ್ತಿತ್ತು. ಹಿಂಬರಹದ ಷರಾ ಬರೆಯುವುದು ಗುಮಾಸ್ತನ ಕೆಲಸ.

ಆ ದಿನ ಮಧ್ಯಾಹ್ನ ಅವನು ತಿರುಗಿ ಬಂದಾಗ ಅವನ ಎರಡು ಅಂಗೈಗಳೂ ಬಿಳಿಯಾಗಿದ್ದವು.

"ಏನಾಯ್ತಪ್ಪ?" ಎಂದೆ.

"ಅಂಟ್ಸಿ ಬಂದೆ ಸ್ವಾಮಿ. ಯಾವಾಗ್ಲೂ ಬರಿಯೋದ್ನೇ ಬರ್ದುಬಿಡಿ."

ಹಳೆಯ ಕಡತವೊಂದನ್ನು ಪಕ್ಕಕ್ಕಿಟ್ಟುಕೊಂಡು ಅದನ್ನು ನೋಡಿ ಬರೆದೆ: 'ಸದರಿ ಲೈಸೆನ್ಸುದಾರರು ಸ್ಥಳದಲ್ಲಿ ಖುದ್ದು ಹಾಜರಿದ್ದು, ನೋಟೀಸು ಸ್ವೀಕರಿಸಲು ನಿರಾಕರಿಸಿದ್ದರಿಂದ, ಬಾಗಿಲಿಗೆ ಅಂಟಿಸಿ ಜಾರಿ ಮಾಡಲಾಗಿದೆ.' ಅವನು ಕೆಳಗೆ ರುಜು ಹಾಕಿದ. ಅವನ ಹೆಬ್ಬೆರಳಿನ ಹಿಟ್ಟು ಹಾಳೆಯ ಅಂಚಿನಲ್ಲಿ ಉಳಿಯಿತು. ನಾನು ಊದಿ ತೆಗೆದೆ.

ಏಳು ದಿನಗಳು ಕಳೆದವು. ಸಮಜಾಯಿಷಿ ಬರಲಿಲ್ಲ. ಎಂಟನೆಯ ದಿನ ಲೈಸೆನ್ಸು ರದ್ದಾಯಿತು. ಒಂಬತ್ತನೆಯ ದಿನ ಗಿರಣಿಗೆ ಮೊಹರು ಹಾಕಲು ಹೊರಟೆವು. ಇನ್ಸ್‌ಪೆಕ್ಟರು, ಜವಾನ, ಮಹಜರು ಬರೆಯಲು ನಾನು. ನನ್ನ ಚೀಲದಲ್ಲಿ ಅರಗು, ಮೇಣದ ಬತ್ತಿ, ದಾರ ಮತ್ತು ಕಚೇರಿಯ ಹಿತ್ತಾಳೆಯ ಮೊಹರು ಇದ್ದವು. ಇಂಥ ಕೆಲಸಕ್ಕೆ ನಾನು ಹೋದದ್ದು ಅದೇ ಮೊದಲು.

ಅದು ರೇಷನ್ ಗೋಧಿ ಹಂಚಿದ ಮಾರನೆಯ ದಿನ. ಗಿರಣಿಯ ಮುಂದೆ ಡಬ್ಬಗಳ, ಚೀಲಗಳ ಸಾಲು ರಸ್ತೆಯವರೆಗೂ ಬೆಳೆದಿತ್ತು. ಗಿರಣಿಯವರು ಹುಬ್ಬು ಮೀಸೆಯೆಲ್ಲ ಹಿಟ್ಟಾಗಿ, ಕಲ್ಲಿನ ಬಾಯಿಗೆ ಗೋಧಿ ಸುರಿಯುತ್ತಿದ್ದರು. ಇನ್ಸ್‌ಪೆಕ್ಟರು ಕೈ ಎತ್ತಿ ತೋರಿಸಿದ ಮೇಲೆ ಮೋಟಾರು ನಿಂತಿತು.

"ಲೈಸೆನ್ಸ್ ರದ್ದಾಗಿದೆ ಕಣ್ರೀ. ಹೊರಗೆ ಬನ್ನಿ, ಸೀಲ್ ಮಾಡ್ಬೇಕು."

"ರದ್ದಾ? ಯಾಕೆ ಸ್ವಾಮಿ? ಏನಾಗೈತೆ?"

"ನೋಟೀಸು ಕೊಟ್ಟು ಒಂಬತ್ತು ದಿನ ಆಯ್ತು. ಉತ್ರ ಕೊಡ್ಲಿಲ್ಲ."

"ಯಾವ ನೋಟೀಸು? ನಮ್ಗೆ ಯಾರೂ ಕೊಟ್ಟಿಲ್ವಲ್ಲ!"

ಇನ್ಸ್‌ಪೆಕ್ಟರು ಕಡತ ತೆರೆದು, ನನ್ನ ಅಕ್ಷರಗಳ ಮೇಲೆ ಬೆರಳಿಟ್ಟು, ಲೈಸೆನ್ಸುದಾರರ ಹೆಸರನ್ನು ಓದಿದರು. "ಇವರು ಖುದ್ದಾಗಿ ಇದ್ರು, ತಗೊಳಲ್ಲ ಅಂದ್ರು. ಬರೆದಿದೆ ನೋಡಿ."

ಗಿರಣಿಯವರು ಕೈಯ ಹಿಟ್ಟನ್ನು ಒರೆಸಿಕೊಂಡು ಕಡತದ ಹತ್ತಿರ ಬಂದರು. "ಅದು ನಮ್ಮಪ್ಪಾರ ಹೆಸ್ರು ಸ್ವಾಮಿ," ಎಂದರು. "ಅವ್ರು ತೀರ್ಕೊಂಡು ಎರಡು ವರ್ಷ ಆಯ್ತು."

ಸಾಲಿನ ಮೊದಲಲ್ಲಿದ್ದ ಒಬ್ಬ ಮುದುಕಿ ಮಡಿಲಲ್ಲಿದ್ದ ಡಬ್ಬವನ್ನು ಬಾಗಿಲೊಳಗಿಟ್ಟಳು. "ಅದೆಂಗೆ ಸ್ವಾಮಿ ಕೊಟ್ರಿ? ಸುಡುಗಾಡಿಗೆ ಹೋಗಿ ಕೂಗಿದ್ರಾ? ತಗೊಳಕಿಲ್ಲ ಅಂತ ಒಳಗಿಂದ್ಲೇ ಅಂದ್ನಾ?" ಎಂದಳು. ಎರಡು ಮೂರು ಜನ ನಕ್ಕರು. ಗಿರಣಿಯವರು ನಗಲಿಲ್ಲ. ನಾನು ಜವಾನನ ಕಡೆ ನೋಡಿದೆ. ಅವನು ಸೈಕಲ್ಲಿನ ಚೈನು ಸರಿಪಡಿಸಲು ಬಗ್ಗಿದ. ಚೈನು ಸರಿಯಾಗಿಯೇ ಇತ್ತು.

ಆ ಹೊತ್ತಿಗೆ ನಿಲ್ಲಿಸಬಹುದಾಗಿತ್ತೆಂದು ಈಗ ತೋರುತ್ತದೆ. ಇನ್ಸ್‌ಪೆಕ್ಟರು ನಿಲ್ಲಿಸಲಿಲ್ಲ. ಅವರು ಧ್ವನಿ ಏರಿಸುವವರಲ್ಲ. ಆ ದಿನವೂ ಏರಿಸಲಿಲ್ಲ. "ಅದೆಲ್ಲ ಅಪೀಲಿನಲ್ಲಿ ಹೇಳ್ಕೊಳ್ಳಿ," ಎಂದು ಹೇಳಿ, ನನ್ನ ಕಡೆ ತಿರುಗಿ, "ಬರ್ಕೊಳ್ರೀ," ಎಂದರು.

"ಕಾಳಾದ್ರೂ ಎತ್ಕೊಳಕ್ಕೆ ಬಿಡಿ ಸ್ವಾಮಿ. ಜನಗಳ ರೇಷನ್ನು, ನಮ್ದಲ್ಲ," ಎಂದು ಗಿರಣಿಯವರು ಕೈ ಮುಗಿದರು.

ಒಳಗಿರುವ ಪದಾರ್ಥ ಪಟ್ಟಿಯಾಗಬೇಕು, ಹೊರಗೆ ಹೋಗಕೂಡದು ಎಂಬುದು ನಿಯಮವಾಗಿತ್ತು. ನಾನು ಪಟ್ಟಿ ಬರೆದೆ: ಗೋಧಿ ತುಂಬಿದ ಡಬ್ಬ ಹದಿನಾಲ್ಕು, ರಾಗಿ ಚೀಲ ಒಂಬತ್ತು, ಅರ್ಧ ಬೀಸಿದ ಹಿಟ್ಟು ಒಂದು ರಾಶಿ, ಮೋಟಾರು ಒಂದು, ಬೆಲ್ಟು ಒಂದು. ಹೊರಗಿದ್ದ ಹೆಂಗಸರು ತಮ್ಮ ತಮ್ಮ ಡಬ್ಬದ ಗುರುತು ಕೂಗಿ ಹೇಳುತ್ತಿದ್ದರು, ನಾನು ಅದನ್ನು ಬರೆದುಕೊಂಡರೆ ಡಬ್ಬ ಹಿಂದಕ್ಕೆ ಬರುವುದೋ ಎಂಬಂತೆ. ಬಾಗಿಲೆಳೆದು ಬೀಗ ಹಾಕಿದರು. ಅರಗು ಹನಿಸುವಾಗ ಒಂದು ಹನಿ ನನ್ನ ಬೆರಳಿನ ಮೇಲೆ ಬಿತ್ತು. ಮೊಹರು ಒತ್ತಿದೆ.

ಕಚೇರಿಗೆ ಮರಳಿದ ಮೇಲೆ ನಾನು ಮಾಡಿದ ಮೊದಲ ಕೆಲಸ ಜನನ ಮರಣ ವಹಿ ನೋಡಿದ್ದು. ಆ ವಹಿ ನನ್ನ ಮೇಜಿನಿಂದ ಆರು ಹೆಜ್ಜೆ ದೂರದ ಬೀರುವಿನಲ್ಲಿತ್ತು. ಹೆಸರು ಅಲ್ಲಿಯೇ ಇತ್ತು. ಎರಡು ವರ್ಷ ಹಳೆಯ ಶಾಯಿಯಲ್ಲಿ, ನಮ್ಮದೇ ಕಚೇರಿಯ ಮೊಹರಿನ ಕೆಳಗೆ.

ಜವಾನನನ್ನು ಹಿಂದಿನ ವರಾಂಡಕ್ಕೆ ಕರೆದು ಕೇಳಿದೆ.

"ಬಾಗ್ಲು ಹಾಕಿತ್ತು ಸ್ವಾಮಿ. ಊಟಕ್ಕೆ ಹೋಗಿದ್ರು ಅಂತ ಕಾಣ್ತದೆ. ಗೋಂದು ಹಚ್ಚಿ ಅಂಟ್ಸಿದೆ. ಬಾಗ್ಲ ಮೇಲೆಲ್ಲ ಹಿಟ್ಟು ನೋಡಿ, ಹಿಡ್ಕೊಳ್ಲೇ ಇಲ್ಲ. ಕೈಯಾಗೆ ಒತ್ತಿ ಒತ್ತಿ ಇಟ್ಟೆ. ನಾನು ಸೈಕಲ್ ಹತ್ತೋವಷ್ಟ್ರಲ್ಲಿ ಒಂದು ಮೂಲೆ ಎದ್ದಿತ್ತು."

"ಮತ್ತೆ ನಿರಾಕರಿಸಿದರು ಅಂತ?"

"ನೀವ್ ತಾನೆ ಬರ್ದಿದ್ದು ಸ್ವಾಮಿ?"

ನಾನು ಒಳಗೆ ಹೋಗಿ ಮರಣದ ವಹಿಯನ್ನು ಬೀರುವಿಗೆ ಸೇರಿಸಿದೆ.

ಮುಂದಿನ ದಿನಗಳಲ್ಲಿ ಗಿರಣಿಯವರು ಪ್ರತಿ ದಿನವೂ ಹತ್ತೂವರೆಗೆ ಬಂದು ಕಚೇರಿಯ ಎದುರಿನ ಹೊಂಗೆ ಮರದ ಕೆಳಗೆ ನಿಲ್ಲುತ್ತಿದ್ದರು. ಒಳಗೆ ಬರುತ್ತಿರಲಿಲ್ಲ, ಯಾರನ್ನೂ ಏನೂ ಕೇಳುತ್ತಿರಲಿಲ್ಲ. ನನ್ನ ಕುರ್ಚಿಯಿಂದ ಕಿಟಕಿಯಾಚೆ ಅವರ ಅರ್ಧ ಮೈ ಕಾಣುತ್ತಿತ್ತು. ಸಂಜೆ ಮನೆಗೆ ಹೋಗುವಾಗ ಒಮ್ಮೆ ನಾನು ಬಳಸುದಾರಿಯಲ್ಲಿ ಗಿರಣಿಯ ಮುಂದೆ ಹೋದೆ. ಮುಚ್ಚಿದ ಬಾಗಿಲಿನ ಒಳಗೆ ಏನೋ ಓಡಾಡುತ್ತಿತ್ತು. ಡಬ್ಬವೊಂದು ಉರುಳಿದ ಸದ್ದು ಕೇಳಿತು. ಸಂದಿನಿಂದ ಮುಗ್ಗಲು ವಾಸನೆ ಬರುತ್ತಿತ್ತು. ನನ್ನ ಅರಗಿನ ಮೊಹರು ಮಾತ್ರ ಚೆನ್ನಾಗಿ ಕೂತಿತ್ತು.

ಇನ್ಸ್‌ಪೆಕ್ಟರು ಈ ವಿಷಯವಾಗಿ ಐದು ದಿನ ಏನೂ ಹೇಳಲಿಲ್ಲ. ಕಡತ ನನ್ನ ಬೀರುವಿನಿಂದ ಅವರ ಮೇಜಿನ ಒಳಖಾನೆಗೆ ಹೋಗಿತ್ತು. ಆರನೆಯ ದಿನ ಮಧ್ಯಾಹ್ನ ನನ್ನನ್ನು ಕರೆದು, ಕುಳಿತುಕೊಳ್ಳಲು ಹೇಳಿದರು. ಅದುವರೆಗೆ ಅವರೆದುರು ನಾನು ಕುಳಿತಿರಲಿಲ್ಲ.

"ನೋಡಿ, ನಿಮ್ಮ ಷರಾದಲ್ಲಿ ಒಂದು ಸಣ್ಣ ತಪ್ಪಾಗಿದೆ," ಎಂದರು. "'ಲೈಸೆನ್ಸುದಾರರು' ಅಂತ ಬರೆದಿದ್ದೀರಿ. 'ಲೈಸೆನ್ಸುದಾರರ ಮಗ' ಅಂತ ಇರಬೇಕಿತ್ತು. ಮಗ ನಿರಾಕರಿಸಿದ. ಅಷ್ಟೆ."

"ಸಾರ್, ಬಾಗಿಲು ಹಾಕಿತ್ತಂತೆ. ಜವಾನ ಹೇಳಿದ."

"ಜವಾನ ನಿಮಗೆ ಹೇಳಿದ್ದು. ಕಡತಕ್ಕೆ ಹೇಳಿಲ್ಲ." ಅವರು ಅಚ್ಚಾದ ಹೊಸ ನೋಟೀಸು ನಮೂನೆಯೊಂದನ್ನು ಕಡತದ ಮೇಲಿಟ್ಟರು, ಜವಾನನ ರುಜು ಅದರ ಕೆಳಗೆ ಆಗಲೇ ಬಿದ್ದಿತ್ತು. "ಅದೇ ತಾರೀಕು ಹಾಕಿ, ಅದೇ ಶಾಯಿಯಲ್ಲಿ ಬರೀರಿ. ಹಳೇ ಹಾಳೆ ನನಗೆ ಕೊಡಿ. ನಾಳೆ ಹನ್ನೊಂದಕ್ಕೆ ಮೊದಲು ಆಗಬೇಕು. ಅಪೀಲು ಬಂದರೆ ಕಡತ ಮೇಲಕ್ಕೆ ಹೋಗುತ್ತೆ." ನಾನು ಏಳುವಾಗ, "ಪ್ರೊಬೇಷನ್ ಮಾರ್ಚಿಗೆ ಮುಗಿಯುತ್ತೆ ಅಲ್ವೆ? ಗುಪ್ತ ವರದಿ ನಾನೇ ಬರೆಯೋದು," ಎಂದು ನಕ್ಕರು. ಬೆದರಿಸಿದಂತೆ ಇರಲಿಲ್ಲ. ಹಿರಿಯಣ್ಣ ನೆನಪು ಮಾಡಿದಂತೆ ಇತ್ತು. ಅದರಿಂದಲೇ ನನಗೆ ಹೆಚ್ಚು ಭಯವಾಯಿತು.

ಕಡತವನ್ನು ಮೇಜಿನ ಮೇಲಿಟ್ಟುಕೊಂಡು ಸುಮಾರು ಒಂದು ಗಂಟೆ ಕುಳಿತೆ. ಲೇಖನಿಗೆ ಶಾಯಿ ತುಂಬಿದೆ. ಹೊಸ ನಮೂನೆಯಲ್ಲಿ ತಾರೀಕನ್ನೂ ಬರೆದೆ ಎಂಬುದನ್ನು ಮುಚ್ಚಿಡುವುದು ಸರಿಯಲ್ಲ. ಅಷ್ಟರಲ್ಲಿ ಗಿರಣಿಯವರು ಮೊದಲ ಬಾರಿಗೆ ಒಳಗೆ ಬಂದು, ನನ್ನ ಮೇಜಿನ ಎದುರು ನಿಂತರು. ಕೈಯಲ್ಲಿ ಹಳೆಯ ರಸೀತಿಗಳ ಕಟ್ಟು.

"ಅಪೀಲು ಹಾಕ್ಬೇಕು ಅಂದ್ರು ವಕೀಲ್ರು. ಹೆಂಗೆ ಹಾಕೋದು ಅಂತ..."

ರಸೀತಿಗಳನ್ನು ನೋಡಿದೆ. ತಂದೆ ತೀರಿಕೊಂಡ ಮೇಲಿನ ಎರಡು ವರ್ಷದ ರಸೀತಿಗಳೂ ತಂದೆಯ ಹೆಸರಿನಲ್ಲಿಯೇ ಇದ್ದವು.

"ಹೆಸರು ಯಾಕೆ ಬದಲಾಯಿಸಿಕೊಳ್ಳಲಿಲ್ಲ?" ಎಂದು ಕೇಳಿದೆ.

"ಬಂದಿದ್ನಲ್ಲ ಸ್ವಾಮಿ. ನಿಮ್ಮ ಮುಂಚೆ ಇದ್ರಲ್ಲ ಗುಮಾಸ್ತರು, ಅವ್ರೇ ಅಂದ್ರು, ಹೆಸ್ರು ಬದ್ಲಾಯ್ಸಿದ್ರೆ ಹೊಸ ಲೈಸೆನ್ಸು ಆಗ್ತದೆ, ಇದು ಈಗ ಮನೆಗಳ ಏರಿಯಾ, ಹೊಸದು ಕೊಡಾಕಾಗಲ್ಲ, ಸುಮ್ನೆ ನಿಮ್ಮಪ್ಪಾರ ಹೆಸ್ರಲ್ಲೇ ಕಟ್ಕೊಂಡು ಹೋಗಿ ಅಂತ. ಅಪ್ಪಾರ ಹೆಸ್ರು ಇರ್ಲಿ ಬಿಡು ಅಂತ ನಂಗೂ ಅನ್ನಿಸ್ತು."

ನಮ್ಮ ಶಾಖೆಯಲ್ಲಿ ಇದು ವಾಡಿಕೆಯೇ ಆಗಿತ್ತು. ಶುಲ್ಕ ಬರುತ್ತಿರುವವರೆಗೆ ವಹಿಯಲ್ಲಿ ಯಾರೂ ಸಾಯುತ್ತಿರಲಿಲ್ಲ.

ಪ್ರಕರಣದ ಎರಡೂ ಅಂಚುಗಳು ಆಗ ನನಗೆ ಸ್ಪಷ್ಟವಾದವು. ಸತ್ತವರ ಮೇಲೆ ಜಾರಿಯಾದ ನೋಟೀಸು ಊರ್ಜಿತವಲ್ಲ. ಅದರ ಮೇಲೆ ಹೊರಟ ಆದೇಶ ನಿಲ್ಲುವುದಿಲ್ಲ. ಆದರೆ ಆ ಮಾತನ್ನು ಎತ್ತಿದೊಡನೆ, ಸತ್ತವರ ಹೆಸರಿನ ಲೈಸೆನ್ಸೂ ಊರ್ಜಿತವಲ್ಲವೆಂಬ ಮಾತು ಹಿಂದೆಯೇ ಬರುತ್ತದೆ. ಇನ್ಸ್‌ಪೆಕ್ಟರು ಹೇಳಿದ ಹಾಳೆ ಬರೆದರೆ ಗಿರಣಿಯವರು ಸುಳ್ಳಿನಿಂದ ಸೋಲುತ್ತಾರೆ. ಬರೆಯದಿದ್ದರೆ ಬಹುಶಃ ನಿಜದಿಂದ ಸೋಲುತ್ತಾರೆ.

ದೃಢೀಕೃತ ನಕಲು ಎಂಬುದೊಂದಿದೆ. ಕಡತದ ಯಾವುದೇ ಹಾಳೆಯ ನಕಲನ್ನು ಸಂಬಂಧಪಟ್ಟವರು ಅರ್ಜಿ ಕೊಟ್ಟು ಪಡೆಯಬಹುದು. ನಕಲಿನ ಮೇಲೆ ಮೊಹರು ಬಿದ್ದು, ನಕಲು ವಹಿಯಲ್ಲಿ ಸಂಖ್ಯೆ ಏರಿದ ಮೇಲೆ ಮೂಲ ಹಾಳೆಯನ್ನು ಯಾರೂ ಬದಲಾಯಿಸಲಾರರು. ಆದರೆ ಅರ್ಜಿ ಕೊಡಿ ಎಂದು ಗುಮಾಸ್ತ ಹೇಳಿಕೊಡುವ ಪದ್ಧತಿ ಇರಲಿಲ್ಲ.

"ನಿಮ್ಮ ತಂದೆಯವರ ನೋಟೀಸಿನ ಷರಾದ ನಕಲು ಬೇಕು ಅಂತ ಅರ್ಜಿ ಕೊಟ್ಟರೆ, ಕೊಡುವುದು ನನ್ನ ಕೆಲಸ," ಎಂದೆ. "ಇವತ್ತೇ ಕೊಡಬೇಕು. ಆದರೆ ಒಂದು ಮಾತು ತಿಳಿದುಕೊಂಡು ಕೊಡಿ. ಅದನ್ನು ಮುಂದಿಟ್ಟರೆ, ಇಷ್ಟು ದಿನ ಸತ್ತವರ ಹೆಸರಿನಲ್ಲಿ ಗಿರಣಿ ನಡೆಸಿದಿರಿ ಅಂತ ಅವರು ಹೇಳುತ್ತಾರೆ. ಗಿರಣಿ ಪೂರ್ತಿ ಹೋಗಬಹುದು."

"ಅದ್ರಲ್ಲಿ ಏನು ಬರ್ದೈತೆ, ಇನ್ನೊಂದ್ಸಲ ಓದಿ ಸ್ವಾಮಿ."

ಓದಿದೆ. ಅವರು ಕಣ್ಣು ಮುಚ್ಚಿಕೊಂಡು ಕೇಳಿದರು.

"ಸರ್ಕಾರದೋರು ಹೊಲ ಕೊಡು ಅಂದಾಗ್ಲೂ ನಮ್ಮಪ್ಪ ಆಗಲ್ಲ ಅಂದೋರಲ್ಲ. ಕಾಗ್ದ ಬಂತು, ತಗೊಂಡ್ರು, ಹೆಬ್ಬೆಟ್ಟು ಒತ್ತಿದ್ರು. ಅವ್ರ ಮೇಲೆ ಇಂಥ ಮಾತು ಬರ್ದಿದೀರಿ. ಇದು ಸುಳ್ಳು ಅಂತ ಯಾರಾದ್ರೂ ಒಬ್ರು ದೊಡ್ಡೋರು ಬರೀಬೇಕು. ಗಿರಣಿ ಹೋದ್ರೆ ಹೋಗ್ಲಿ ಅಂತ ಹೇಳ್ತಿಲ್ಲ ಸ್ವಾಮಿ. ಅದು ಹೋದ್ರೆ ನಮ್ಮನೇಲಿ ಒಲೆ ಉರಿಯಲ್ಲ. ಆದ್ರೂ ಕೊಡಿ."

ಅರ್ಜಿಯನ್ನು ನಾನೇ ಬರೆದುಕೊಟ್ಟೆ. ಅವರು ಒಂದೊಂದೇ ಅಕ್ಷರ ಕೂಡಿಸಿ ಸಹಿ ಮಾಡಿದರು. ನಕಲು ಬರೆದು ಹೆಡ್ ಗುಮಾಸ್ತರ ಬಳಿ ಒಯ್ದೆ. ಅವರು ನಿವೃತ್ತಿಯ ಅಂಚಿನಲ್ಲಿದ್ದವರು. ಸಾಮಾನ್ಯವಾಗಿ ನೋಡದೆ ಸಹಿ ಮಾಡುತ್ತಿದ್ದರು. ಆ ದಿನ ಕನ್ನಡಕ ಹಾಕಿಕೊಂಡು ಎರಡನ್ನೂ ಓದಿದರು.

"ಮೂಲದಲ್ಲಿ ಇರೋ ಹಾಗೇ ಇದೆಯೇನಪ್ಪ?"

"ಇದೆ ಸಾರ್."

"ಎರಡೂ ನಿನ್ನ ಕೈಬರಹವೇ."

"ಹೌದು ಸಾರ್."

"ಕೈ ಕಟ್ ಮಾಡ್ಕೋತಾ ಇದೀಯ ಅಂತ ಗೊತ್ತು ತಾನೆ?" ಎಂದು, ಉತ್ತರಕ್ಕೆ ಕಾಯದೆ ಸಹಿ ಮಾಡಿದರು. ಮೊಹರು ಒತ್ತಿದೆ. ನಕಲು ವಹಿಯಲ್ಲಿ ಸಂಖ್ಯೆ ಏರಿಸಿದೆ.

ಮಾರನೆಯ ದಿನ ಹನ್ನೊಂದಕ್ಕೆ ಮೊದಲೇ ಕಡತವನ್ನು ಇನ್ಸ್‌ಪೆಕ್ಟರ ಮೇಜಿನ ಮೇಲಿಟ್ಟೆ. ಹಳೆಯ ಹಾಳೆ ಅದರಲ್ಲಿತ್ತು, ಅದರ ಮೇಲೆ 'ನಕಲು ನೀಡಿದೆ' ಎಂಬ ಹೊಸ ಬರಹವಿತ್ತು. ನಾನು ತಾರೀಕು ಬರೆದಿದ್ದ ಹೊಸ ನಮೂನೆಯನ್ನು ಪಕ್ಕದಲ್ಲಿಟ್ಟೆ. ಅವರು ಎರಡನ್ನೂ ನೋಡಿ, ನಮೂನೆಯನ್ನು ನಾಲ್ಕು ಮಡಿಕೆ ಮಾಡಿ ಕೋಟಿನ ಜೇಬಿಗೆ ಹಾಕಿಕೊಂಡರು. "ಹೋಗಿ ಕೆಲಸ ನೋಡ್ಕೊಳ್ಳಿ," ಎಂದರು. ಅಂದಿನಿಂದ ಅವರು ನನ್ನನ್ನು ನೋಡಿ ಮಾತನಾಡಿದ್ದಿಲ್ಲ. ಜವಾನ ನನ್ನ ಮೇಜಿಗೆ ನೀರು ತಂದಿಡುವುದನ್ನೂ ಬಿಟ್ಟ.

ಮೊಹರು ಬಿದ್ದು ಮೂರು ವಾರವಾದ ಮೇಲೆ ಅಪೀಲು ವಿಚಾರಣೆಗೆ ಬಂತು. ಮೇಲಧಿಕಾರಿಗಳ ಕೊಠಡಿಯಲ್ಲಿ ಒಂದು ಕಡೆ ಗಿರಣಿಯವರು, ಇನ್ನೊಂದು ಕಡೆ ದೂರುದಾರ ಹಿರಿಯರು, ಬಾಗಿಲ ಬಳಿ ನಾವು ಮೂವರು. ಮೇಲಧಿಕಾರಿಗಳು ನಕಲನ್ನೂ ಮೂಲವನ್ನೂ ಅಕ್ಕಪಕ್ಕದಲ್ಲಿಟ್ಟು ಓದಿ, ಮರಣದ ದಾಖಲೆಯನ್ನು ಅವುಗಳ ಮೇಲಿಟ್ಟರು. ಮೊದಲು ಜವಾನನನ್ನು ಕರೆದರು.

"ಯಾರು ನಿರಾಕರಿಸಿದ್ದು?"

"ಬಾಗ್ಲು ಹಾಕಿತ್ತು ಬುದ್ಧಿ."

"ಮತ್ತೆ ಇಲ್ಲಿ ಬರೆದಿರೋದು?"

"ಗುಮಾಸ್ತರು ಬರೀತಾರೆ ಬುದ್ಧಿ. ನಾನು ರುಜು ಹಾಕ್ತೀನಿ."

ನನ್ನ ಕಡೆ ನೋಡಿದರು. "ನೀವು ಸ್ಥಳಕ್ಕೆ ಹೋಗಿದ್ರಾ?"

"ಇಲ್ಲ ಸಾರ್."

"ನಿರಾಕರಿಸಿದರು ಅಂತ ನಿಮಗೆ ಹೇಗೆ ತಿಳೀತು?"

"ತಿಳಿದಿರಲಿಲ್ಲ ಸಾರ್. ಹಿಂದಿನ ಕಡತಗಳಲ್ಲಿ ಹಾಗೆ ಬರೆಯುತ್ತಿದ್ದರು. ನೋಡಿ ಬರೆದೆ."

ಅವರು ಅದನ್ನು ತಮ್ಮ ಹಾಳೆಯ ಮೇಲೆ ಬರೆದುಕೊಂಡರು. ಆಗ ದೂರುದಾರ ಹಿರಿಯರು ಎದ್ದು ನಿಂತರು.

"ಒಂದು ಅರಿಕೆ. ಲೈಸೆನ್ಸು ಇದ್ದವರು ಎರಡು ವರ್ಷದ ಹಿಂದೆಯೇ ಕಾಲವಾಗಿದ್ದರೆ, ಅಂದೇ ಅವರ ಲೈಸೆನ್ಸೂ ಮುಗಿಯಿತು. ಇವರು ನಡೆಸುತ್ತಿರೋದು ಲೈಸೆನ್ಸಿಲ್ಲದ ಗಿರಣಿ. ನನಗೆ ಇವರ ಮೇಲೆ ದ್ವೇಷವಿಲ್ಲ ಸ್ವಾಮಿ. ನನ್ನ ಹೆಂಡತಿ ಆರು ತಿಂಗಳಿಂದ ಕಿಟಕಿ ತೆಗೆದಿಲ್ಲ. ಈ ಮೂರು ವಾರದಲ್ಲಿ ಮೊದಲ ಸಲ ರಾತ್ರಿ ಮಲಗಿ ನಿದ್ದೆ ಮಾಡಿದಳು. ಅದಕ್ಕೆ ಮೊದಲು ಉಬ್ಬಸಕ್ಕೆ ರಾತ್ರಿಯೆಲ್ಲ ಕುಳಿತೇ ಇರುತ್ತಿದ್ದಳು."

ಗಿರಣಿಯವರು ತಿರುಗಿ ಅವರ ಮುಖ ನೋಡಿದರು. "ನಂಗೆ ಒಂದು ಮಾತು ಹೇಳಿದ್ರೆ ಆಗ್ತಿರ್ಲಿಲ್ವಾ ಸ್ವಾಮಿ? ಗೋಡೆ ಆಚೆಗೇ ಇದ್ದೆ."

ಹಿರಿಯರು ಹೆಗಲ ಮೇಲಿನ ಶಲ್ಯ ಸರಿಪಡಿಸಿಕೊಂಡು ಕುಳಿತರು.

ಆದೇಶ ಎರಡು ಭಾಗವಾಗಿ ಹೊರಟಿತು. ಮೊದಲನೆಯದು: ಮೃತರ ಮೇಲೆ ಜಾರಿಯಾದುದೆಂದು ತೋರಿಸಿದ ನೋಟೀಸು ಅಸಿಂಧು, ಮೃತರು ನಿರಾಕರಿಸಿದರೆಂಬ ಷರಾ ಸತ್ಯಕ್ಕೆ ದೂರ, ರದ್ದತಿಯ ಆದೇಶವನ್ನು ವಜಾ ಮಾಡಿದೆ, ಮೊಹರನ್ನು ಕೂಡಲೇ ತೆರೆಯತಕ್ಕದ್ದು. ಅದನ್ನು ಓದುವಾಗ ಗಿರಣಿಯವರು ಎರಡೂ ಕೈಯಿಂದ ಮುಖ ಮುಚ್ಚಿಕೊಂಡರು. ಅವರು ಕೇಳಿದ್ದನ್ನು ಒಬ್ಬ ದೊಡ್ಡವರು ಬರೆದಿದ್ದರು. ಎರಡನೆಯದು: ಹಾಲಿ ಗಿರಣಿ ನಡೆಸುತ್ತಿರುವವರಿಗೆ ಅವರದೇ ಹೆಸರಿನಲ್ಲಿ ಹೊಸದಾಗಿ ನೋಟೀಸು ನೀಡಿ, ಅವರ ಮಾತು ಕೇಳಿ, ನಿಯಮಾನುಸಾರ ತೀರ್ಮಾನಿಸತಕ್ಕದ್ದು.

ಮೊಹರು ಒಡೆಯಲು ನಾನೇ ಹೋದೆ. ಬಾಗಿಲು ತೆರೆದಾಗ ಹೆಗ್ಗಣವೊಂದು ನನ್ನ ಕಾಲ ಮೇಲೆಯೇ ಹಾದು ಹೋಯಿತು. ರಾಗಿಗೆ ಏನೂ ಆಗಿರಲಿಲ್ಲ. ರಾಗಿಯ ಗುಣವೇ ಅದು. ಗೋಧಿಯಲ್ಲಿ ನುಸಿ ಎದ್ದಿತ್ತು. ಅರ್ಧ ಬೀಸಿದ ಹಿಟ್ಟು ಗಟ್ಟಿಯಾಗಿ, ಹಸಿರು ಬಣ್ಣಕ್ಕೆ ತಿರುಗಿತ್ತು. ಮಹಜರಿನ ಪಟ್ಟಿ ಹಿಡಿದು ಒಂದೊಂದೇ ಡಬ್ಬವನ್ನು ಅದರವರಿಗೆ ಒಪ್ಪಿಸಿ ಹೆಬ್ಬೆಟ್ಟು ಪಡೆದೆ. ಆ ದಿನ ಮಾತನಾಡಿದ್ದ ಮುದುಕಿ ತನ್ನ ಡಬ್ಬದೊಳಗೆ ಬಗ್ಗಿ ನೋಡಿ, "ಎಲ್ಲಾ ಸರಿಯಾಗಿ ಬರ್ಕೊಂಡಿದೀಯ ಕಣಪ್ಪ. ಒಂದು ಹುಳಾನೂ ಕಮ್ಮಿ ಇಲ್ಲ," ಎಂದಳು. ಯಾರೂ ನಗಲಿಲ್ಲ.

ಹೊಸ ನೋಟೀಸನ್ನು ನಾನು ಬರೆದೆ. ಜವಾನನ ಕೈಗೆ ಕೊಡದೆ ನಾನೇ ಒಯ್ದು, ಗಿರಣಿಯವರ ಎದುರು ನಿಂತು, ಓದಿ ಹೇಳಿ, ಸಹಿ ಪಡೆದೆ. ಏಳು ದಿನದೊಳಗೆ ಸಮಜಾಯಿಷಿ ಬಂತು. ವಿಚಾರಣೆಯಲ್ಲಿ ಅವರು ಅರ್ಧ ಗಂಟೆ ಮಾತನಾಡಿದರು. ನಾನು ಒಂದು ಪದವನ್ನೂ ಬಿಡದೆ ಬರೆದುಕೊಂಡೆ. ಹೊಲ ಹೋದದ್ದು, ಗಿರಣಿ ಬಂದದ್ದು, ನಮ್ಮ ಕಚೇರಿಯೇ ಹೆಸರು ಬದಲಾಯಿಸಬೇಡಿ ಎಂದದ್ದು, ಎಲ್ಲವೂ ಕಡತದಲ್ಲಿ ಸೇರಿತು. ದೂರುದಾರರ ಮಾತೂ ಸೇರಿತು. ಎಲ್ಲವನ್ನೂ ಪರಿಶೀಲಿಸಿ ಹೊರಟ ಆದೇಶವೇನೆಂದರೆ, ವಾಸದ ಬಡಾವಣೆಯಲ್ಲಿ ಗಿರಣಿಗೆ ಹೊಸ ಲೈಸೆನ್ಸು ನೀಡಲು ನಿಯಮದಲ್ಲಿ ಅವಕಾಶವಿಲ್ಲ. ಬೇರೆಡೆಗೆ ಸ್ಥಳಾಂತರಿಸಿಕೊಳ್ಳಲು ಮಾರ್ಚಿ ಮೂವತ್ತೊಂದರವರೆಗೆ ಕಾಲಾವಕಾಶ ನೀಡಿದೆ. ಬೇರೆಡೆ ಜಾಗ ಕೊಳ್ಳಲು ಅವರ ಬಳಿ ಮಾರುವುದಕ್ಕೆ ಹೊಲವೂ ಇರಲಿಲ್ಲ, ಪರಿಹಾರದ ಹಣವೂ ಉಳಿದಿರಲಿಲ್ಲ. ಅದನ್ನೂ ಅವರು ವಿಚಾರಣೆಯಲ್ಲಿ ಹೇಳಿದ್ದರು, ಅದೂ ಕಡತದಲ್ಲಿತ್ತು.

ನನ್ನ ಪ್ರೊಬೇಷನ್ ಆರು ತಿಂಗಳು ಮುಂದುವರಿಯಿತು. ಗುಪ್ತ ವರದಿಯಲ್ಲಿ ನಾನು ನಕಲುಗಳನ್ನು ಅವಸರದಲ್ಲಿ ನೀಡುವವನೆಂದು ಬರೆದಿತ್ತೆಂದು ಆಮೇಲೆ ತಿಳಿಯಿತು. ಷರಾದ ಬಗ್ಗೆ ಅದರಲ್ಲಿ ಏನೂ ಇರಲಿಲ್ಲ.

ಮಾರ್ಚಿಯ ಕೊನೆಯ ದಿನ ಗಿರಣಿ ಮುಚ್ಚಿದೆಯೆಂದು ವರದಿ ಮಾಡಲು ಹೋದೆ. ನಾನೊಬ್ಬನೇ ಹೋಗಿದ್ದೆ, ಅರಗು, ಮೊಹರು ಒಯ್ದಿರಲಿಲ್ಲ. ಗಿರಣಿಯವರು ಕೊನೆಯ ಚೀಲ ರಾಗಿ ಬೀಸುತ್ತಿದ್ದರು. ಗೋಡೆಯಾಚೆಯ ಮನೆಯ ಕಿಟಕಿ ಮುಚ್ಚಿತ್ತು. ಚೀಲ ಮುಗಿಯುವವರೆಗೆ ಹೊರಗೆ ನಿಂತಿದ್ದೆ. ಹಿಟ್ಟನ್ನು ತುಂಬಿಸಿ ಆ ಹೆಂಗಸನ್ನು ಕಳುಹಿಸಿಕೊಟ್ಟ ಮೇಲೆ ಅವರು ನನ್ನ ಕಡೆ ಬಂದರು.

"ಈ ಸಲ ಕಾಗ್ದ ಎಲ್ಲಾ ಸರಿಯಾಗೈತಾ ಸ್ವಾಮಿ?"

"ಎಲ್ಲವೂ ಕ್ರಮಬದ್ಧವಾಗಿದೆ," ಎಂದೆ. ಅದು ನಿಜವಾಗಿತ್ತು.

ಅವರು ತಲೆಯಾಡಿಸಿ ಒಳಗೆ ಹೋಗಿ ಸ್ವಿಚ್ಚು ಇಳಿಸಿದರು. ಮೋಟಾರು ನಿಂತ ಮೇಲೂ ಬೆಲ್ಟು ಸ್ವಲ್ಪ ಹೊತ್ತು ತಾನಾಗಿಯೇ ತಿರುಗುತ್ತಿತ್ತು. ಅದು ನಿಲ್ಲುವವರೆಗೆ ಇಬ್ಬರೂ ನೋಡುತ್ತ ನಿಂತೆವು.